ಮನೆಯಲ್ಲಿಯೇ ವಿನೈಲ್ ಗೊಂಬೆ: ಕೇದಗೆ ಮುಂದಲೆಯ ಅಭಿಮನ್ಯುವನ್ನು ಮಾಡುವುದು ಹೇಗೆ?

ಪ್ರಶ್ನೆ – ಚೌಕಿಮನೆ

ಎಲ್ಲರಿಗೂ ನಮಸ್ಕಾರ. ನನ್ನ ಊರು ಕುಂದಾಪುರದ ಹತ್ತಿರ, ಉದ್ಯೋಗದ ನಿಮಿತ್ತ ಬೆಂಗಳೂರಿನಲ್ಲಿದ್ದೇನೆ. ಹನ್ನೊಂದು ವರ್ಷದ ಮಗಳ ಓದುವ ಮೇಜಿನ ಮೇಲೆ ದೊಡ್ಡ ತಲೆ, ಪುಟ್ಟ ಮೈ, ಗುಂಡನೆಯ ಕಪ್ಪು ಕಣ್ಣುಗಳ ಫಂಕೋ ಪಾಪ್ ಗೊಂಬೆಗಳು ಸಾಲಾಗಿ ನಿಂತಿವೆ. ಕಳೆದ ರಜೆಯಲ್ಲಿ ಊರಿನ ಯಕ್ಷಗಾನ ಬಯಲಾಟದಲ್ಲಿ ಬೆಳಗಿನ ಜಾವದವರೆಗೂ ಎಚ್ಚರವಿದ್ದು ಅಭಿಮನ್ಯುವಿನ ವೇಷವನ್ನು ನೋಡಿ ಬಂದವಳು, ಇದೇ ಬಗೆಯ ಗೊಂಬೆಯಲ್ಲಿ ಅಭಿಮನ್ಯು ಎಲ್ಲಿ ಸಿಗುತ್ತಾನೆ ಎಂದು ಕೇಳಿದಳು. ಹುಡುಕಿದೆ, ಸಿಗಲಿಲ್ಲ. ನಾನೇ ಮಾಡಿಕೊಡುತ್ತೇನೆ ಎಂದು ಮಾತು ಕೊಟ್ಟೆ.

ಅವಳಿಗೆ ಬೇಡವಾದ ಹಳೆಯ ಗೊಂಬೆಯೊಂದರ ತಲೆಯ ಮೇಲೆ, ನೀರಿನ ಪೈಪಿನ ಸೋರಿಕೆಗೆ ಹಚ್ಚುವ ಎಪಾಕ್ಸಿ ಪುಟ್ಟಿಯಿಂದ ಕೇದಗೆ ಮುಂದಲೆಯನ್ನು (ಆ ವೇಷದ, ಕೇದಗೆಯ ಎಸಳಿನ ಆಕಾರದ ತಲೆಯುಡುಗೆ) ಮೆತ್ತಿ, ಮನೆಯಲ್ಲಿ ಕಿಟಕಿಗೆ ಬಳಿದು ಉಳಿದಿದ್ದ ಎನಾಮಲ್ ಬಣ್ಣವನ್ನು ಹಚ್ಚಿದೆ. ಮೂರು ವಾರಗಳಾದರೂ ಬಣ್ಣ ಒಣಗಿಲ್ಲ, ಮುಟ್ಟಿದರೆ ಬೆರಳಚ್ಚು ಮೂಡುತ್ತದೆ. ಮುಂದಲೆಯ ಭಾರಕ್ಕೆ ಗೊಂಬೆ ಮುಗ್ಗರಿಸಿ ಬಿದ್ದು ಪುಟ್ಟಿಯೂ ಕಳಚಿಕೊಂಡಿತು.

ಈಗ ನನ್ನ ಪ್ರಶ್ನೆಗಳು. ಬಣ್ಣ ಏಕೆ ಒಣಗುತ್ತಿಲ್ಲ, ಮತ್ತು ಇದೇ ಗೊಂಬೆಯನ್ನು ಉಳಿಸಿಕೊಳ್ಳಬಹುದೇ? ಜಪಾನಿನ ಕುಶಲಕರ್ಮಿಗಳು ಲೋಹದ ಅಚ್ಚಿನಿಂದ ಬಿಸಿ ವಿನೈಲ್ ಗೊಂಬೆಯನ್ನು ಇಕ್ಕಳದಲ್ಲಿ ಎಳೆದು ತೆಗೆಯುವ ವಿಡಿಯೋ ನೋಡಿದೆ, ಅದನ್ನು ಮನೆಯಲ್ಲಿ ಮಾಡಲು ಸಾಧ್ಯವೇ? ಒಂದು ಸರಿಯಾಗಿ ಬಂದರೆ ಅಣ್ಣತಮ್ಮಂದಿರ ಮಕ್ಕಳಿಗೂ ಸೇರಿ ಹತ್ತು ಗೊಂಬೆಗಳನ್ನು ಮಾಡಿ ನವರಾತ್ರಿಯಲ್ಲಿ ಕೂರಿಸುವ ಆಸೆಯಿದೆ.

ಉತ್ತರ 1 – ಗೊಂಬೆಗೂಡು

ಚೌಕಿಮನೆ ಅವರೇ, ನಿಮ್ಮ ಕೆಲಸ ಕೆಟ್ಟಿಲ್ಲ, ಬಣ್ಣದ ಆಯ್ಕೆಯೊಂದು ತಪ್ಪಿದೆ ಅಷ್ಟೆ. ವಿನೈಲ್ ಎಂದರೆ ಪಿವಿಸಿ, ಅಂದರೆ ನಮ್ಮ ಮನೆಯ ನೀರಿನ ಪೈಪಿನ ಪ್ಲಾಸ್ಟಿಕ್ಕೇ. ಅದು ಸ್ವಭಾವತಃ ಗಡುಸು. ಗೊಂಬೆಗೆ ಬೇಕಾದ ಮೃದುತ್ವವನ್ನು ಕೊಡಲು ಪ್ಲಾಸ್ಟಿಸೈಸರ್ ಎಂಬ ಎಣ್ಣೆಯಂಥ ದ್ರವವನ್ನು ಬೆರೆಸಿರುತ್ತಾರೆ. ಈ ದ್ರವ ವರ್ಷಗಟ್ಟಲೆ ನಿಧಾನವಾಗಿ ಹೊರಮೈಗೆ ಜಿನುಗುತ್ತಲೇ ಇರುತ್ತದೆ, ಮೇಲೆ ಎನಾಮಲ್ ಇದ್ದರೆ ಅದರೊಳಕ್ಕೆ ಸೇರಿಕೊಂಡು ಅದನ್ನು ಗಟ್ಟಿಯಾಗಲು ಬಿಡುವುದಿಲ್ಲ. ಮೂರು ವಾರವಲ್ಲ, ಮೂರು ತಿಂಗಳು ಕಾದರೂ ಅದು ಅಂಟಂಟಾಗಿಯೇ ಇರುತ್ತದೆ. ಡಬ್ಬಿಯಲ್ಲಿ ಬರುವ ಹಲವು ಸ್ಪ್ರೇ ಬಣ್ಣಗಳಿಗೂ ಸ್ಪ್ರೇ ವಾರ್ನಿಷ್‌ಗಳಿಗೂ ಇದೇ ಗತಿ. ಮೃದು ವಿನೈಲಿಗೆ ನೀರಿನಲ್ಲಿ ಕರಗುವ ಅಕ್ರಿಲಿಕ್ ಬಣ್ಣ, ಅದರ ಮೇಲೆ ನೀರಿನ ಆಧಾರದ ಮ್ಯಾಟ್ ವಾರ್ನಿಷ್, ಇವೆರಡನ್ನೇ ಕುಂಚದಿಂದ ಹಚ್ಚಿ.

ಈಗಿರುವ ಎನಾಮಲನ್ನು ಐಸೊಪ್ರೊಪೈಲ್ ಆಲ್ಕೋಹಾಲಿನಲ್ಲಿ ಅದ್ದಿದ ಹತ್ತಿಬಟ್ಟೆಯಿಂದ ಸ್ವಲ್ಪಸ್ವಲ್ಪವಾಗಿ ಒರೆಸಿ ತೆಗೆಯಿರಿ. ಥಿನ್ನರ್ ಅಥವಾ ಅಸಿಟೋನ್ ಬೇಡ, ಅವು ಬಣ್ಣದ ಜೊತೆಗೆ ಗೊಂಬೆಯ ಮೈಯನ್ನೂ ಕರಗಿಸಿ ಜಿಗುಟಾಗಿಸುತ್ತವೆ. ಅನಂತರ ಗೊಂಬೆಯ ತಲೆಯನ್ನು ಮೂರು ನಾಲ್ಕು ನಿಮಿಷ ಬಿಸಿನೀರಿನಲ್ಲಿ ಮುಳುಗಿಸಿಡಿ. ವಿನೈಲ್ ಮೆತ್ತಗಾದಾಗ ಬಟ್ಟೆ ಸುತ್ತಿ ಹಿಡಿದು ನಿಧಾನವಾಗಿ ತಿರುಗಿಸುತ್ತಾ ಎಳೆದರೆ ತಲೆ ಕತ್ತಿನ ಗೂಟದಿಂದ ಬಿಟ್ಟು ಬರುತ್ತದೆ. ಬಿಡಿಯಾದ ತಲೆಯ ಮೇಲೆ ಕೆಲಸ ಮಾಡುವ ಅನುಕೂಲ ಬೇರೆಯೇ. ಬೇಡವಾದ ಕೂದಲಿನ ಉಬ್ಬುಗಳನ್ನು ತಲೆ ಇನ್ನೂ ಬೆಚ್ಚಗಿರುವಾಗಲೇ ಹರಿತವಾದ ಬ್ಲೇಡಿನಿಂದ ಕೊಯ್ದು ತೆಗೆಯಿರಿ, ಪಾತ್ರೆ ತೊಳೆಯುವ ಸೋಪಿನಿಂದ ಜಿಡ್ಡು ಹೋಗುವಂತೆ ತೊಳೆಯಿರಿ, 400 ನಂಬರಿನ ಸ್ಯಾಂಡ್‌ಪೇಪರಿನಿಂದ ನೀರು ಹಾಕಿಯೇ ಉಜ್ಜಿ. ಒಣಗಿದ್ದನ್ನು ಉಜ್ಜಿದರೆ ಪಿವಿಸಿ ಪುಡಿ ಮೂಗಿಗೆ ಹೋಗುತ್ತದೆ.

ಹೊಸ ಗೊಂಬೆಯನ್ನು ಕೊಳ್ಳುವುದಾದರೆ ಒಂದು ಮಾತು. ಮಾರ್ವೆಲ್ ಮತ್ತು ಸ್ಟಾರ್ ವಾರ್ಸ್ ಸರಣಿಯ ಪಾಪ್‌ಗಳ ಕತ್ತಿನಲ್ಲಿ ಸಾಮಾನ್ಯವಾಗಿ ಸ್ಪ್ರಿಂಗ್ ಇರುತ್ತದೆ. ಅಂಥದ್ದರ ಮೇಲೆ ಮುಂದಲೆಯನ್ನು ಕಟ್ಟಿದರೆ ತಲೆ ಒಂದೇ ಕಡೆಗೆ ವಾಲಿಕೊಂಡು ನಿಲ್ಲುತ್ತದೆ. ಕತ್ತು ಗಟ್ಟಿಯಾಗಿರುವುದನ್ನೇ ಆರಿಸಿಕೊಳ್ಳಿ.

ಮುಂದಲೆಯ ವಿಷಯಕ್ಕೆ ಬರುತ್ತೇನೆ, ಏಕೆಂದರೆ ನಿಮ್ಮ ಗೊಂಬೆಯ ಜೀವ ಇರುವುದು ಅಲ್ಲಿ. ಯಕ್ಷಗಾನದ ಕಿರೀಟ, ಭುಜಕೀರ್ತಿ, ಎದೆಕಟ್ಟುಗಳನ್ನು ಹಗುರವಾದ ಮರದಲ್ಲಿ ಕೆತ್ತಿ ಮೇಲೆ ಬೇಗಡೆ (ಹೊಳೆಯುವ ತೆಳು ಹಾಳೆ) ಅಂಟಿಸುವ ಪದ್ಧತಿ ಬಂದದ್ದೇ, ಅವನ್ನು ಹೊತ್ತ ಕಲಾವಿದರು ರಾತ್ರಿಯಿಡೀ ಕುಣಿಯಬೇಕೆಂದು. ಗೊಂಬೆಗೂ ಅದೇ ನಿಯಮ. ನೀವು ಇಡೀ ಮುಂದಲೆಯನ್ನು ಪುಟ್ಟಿಯಲ್ಲಿಯೇ ಮಾಡಿದ್ದರಿಂದ ಅದು ಭಾರವಾಯಿತು, ನುಣುಪಾದ ವಿನೈಲಿಗೆ ಹಿಡಿತವಿಲ್ಲದೆ ಕಳಚಿತು. ತಲೆಗೆ ಒಂದು ಮಿಲಿಮೀಟರಿನ ಮೂರು ರಂಧ್ರಗಳನ್ನು ಕೊರೆದು ತಾಮ್ರದ ತಂತಿಯನ್ನು ತೂರಿಸಿ, ಒಳಗಡೆ ಮಡಚಿ ಬಿಗಿಯಿರಿ. ಆ ತಂತಿಯ ಸುತ್ತ ಅಡುಗೆಮನೆಯ ಅಲ್ಯೂಮಿನಿಯಂ ಹಾಳೆಯನ್ನು ಮುದ್ದೆ ಮಾಡಿ ಕೇದಗೆಯ ಎಸಳಿನ ಆಕಾರಕ್ಕೆ ತನ್ನಿ. ಅದರ ಮೇಲೆ ಎರಡು ಮಿಲಿಮೀಟರಿನಷ್ಟೇ ದಪ್ಪಕ್ಕೆ ಜೇಡಿಯನ್ನು ಹಾಸಿದರೆ ಸಾಕು. ಪೈಪಿನ ಪುಟ್ಟಿ ಬಹಳ ಬೇಗ ಗಟ್ಟಿಯಾಗುವುದರಿಂದ ಸೂಕ್ಷ್ಮ ಕೆಲಸಕ್ಕೆ ಸಮಯ ಕೊಡುವುದಿಲ್ಲ. ಕರಕುಶಲ ಸಾಮಗ್ರಿಯ ಅಂಗಡಿಗಳಲ್ಲಿ ಎರಡು ಉಂಡೆಗಳಾಗಿ ಸಿಗುವ, ಸಮಪ್ರಮಾಣದಲ್ಲಿ ನಾದಿಕೊಳ್ಳುವ ಎಪಾಕ್ಸಿ ಜೇಡಿಯನ್ನು ತನ್ನಿ. ಅದು ತಿದ್ದಲು ಸಾಕಷ್ಟು ಹೊತ್ತು ಕೊಡುತ್ತದೆ, ಒಂದು ದಿನದಲ್ಲಿ ಕಲ್ಲಿನಂತಾಗುತ್ತದೆ. ಒಲೆಯಲ್ಲಿ ಬೇಯಿಸುವ ಪಾಲಿಮರ್ ಜೇಡಿಯನ್ನು ಮಾತ್ರ ಗೊಂಬೆಯ ಮೇಲೆಯೇ ಬೇಯಿಸಬೇಡಿ, ಆ ಶಾಖಕ್ಕೆ ವಿನೈಲ್ ಸೊಟ್ಟಗಾಗುತ್ತದೆ.

ಆಭರಣದ ಮಣಿಸಾಲಿಗೆ ನಾನು ಮಾಡುವ ಕ್ರಮ ಇದು: ಜೇಡಿಯನ್ನು ಶ್ಯಾವಿಗೆಯಷ್ಟು ತೆಳ್ಳಗೆ ಹೊಸೆದು ಅಂಚಿಗೆ ಇಟ್ಟು, ನೀರಿನಲ್ಲಿ ಅದ್ದಿದ ಹಲ್ಲುಕಡ್ಡಿಯಿಂದ ಒಂದೇ ಅಂತರದಲ್ಲಿ ಒತ್ತುತ್ತಾ ಹೋಗುತ್ತೇನೆ. ಒತ್ತಿದ ಜಾಗ ತಗ್ಗಾಗಿ, ನಡುವಿನದು ಮಣಿಯಂತೆ ಉಬ್ಬುತ್ತದೆ. ಚಿನ್ನದ ಬಣ್ಣವನ್ನು ನೇರವಾಗಿ ಹಚ್ಚದೆ ಮೊದಲು ಕಡುಗಂದು ಬಳಿದು, ಒಣಗಿದ ಮೇಲೆ ಚಿನ್ನದ ಬಣ್ಣವನ್ನು ಬಹುತೇಕ ಒರೆಸಿಹಾಕಿದ ಕುಂಚವನ್ನು ಮೇಲಿಂದ ಮೇಲೆ ಸವರಿದರೆ, ಉಬ್ಬುಗಳು ಮಾತ್ರ ಹೊಳೆದು ತಗ್ಗುಗಳು ಕಪ್ಪಾಗಿ ಉಳಿಯುತ್ತವೆ. ದೂರದಿಂದ ನೋಡಿದರೆ ಬೇಗಡೆಯ ಮಿನುಗೇ ಬರುತ್ತದೆ. ವೇಷದವರು ಕಚ್ಚೆಯಾಗಿ ಉಡುವ ಕಸೆ ಸೀರೆಯ ಚೌಕುಳಿಗಳನ್ನು ನಿಜವಾದ ಪ್ರಮಾಣಕ್ಕೆ ಬಿಡಿಸಲು ಹೋಗಬೇಡಿ. ಒಂಬತ್ತೂವರೆ ಸೆಂಟಿಮೀಟರಿನ ಗೊಂಬೆಯಲ್ಲಿ ಅವು ಕಲಸಿಹೋಗುತ್ತವೆ, ಮೂರು ಮಿಲಿಮೀಟರಿನ ಚೌಕಗಳೇ ಕಣ್ಣಿಗೆ ಸರಿಯೆನಿಸುತ್ತವೆ. ಮುಖಕ್ಕೆ ಮೈಬಣ್ಣದ ಡಬ್ಬಿಯನ್ನು ಬಳಸುವ ಬದಲು ವೇಷದ ಮುಖಕ್ಕೆ ಹಚ್ಚುವ ಖನಿಜ ಬಣ್ಣಗಳಾದ ಅರದಾಳದ ಹಳದಿಗೆ ಇಂಗಳೀಕದ ಕೆಂಪು ಬೆರೆತಾಗ ಬರುವ ಆ ಹೊಂಬಣ್ಣವನ್ನು ಅಕ್ರಿಲಿಕ್ಕಿನಲ್ಲಿ ಕಲಸಿ ನೋಡಿ. ಕಣ್ಣುಗಳು ಕಪ್ಪು ಗುಂಡುಗಳಾಗಿಯೇ ಉಳಿದರೂ ಆಗ ಮುಖಕ್ಕೆ ವೇಷದ ಕಳೆ ಬರುತ್ತದೆ.

ಉತ್ತರ 2 – ಅಚ್ಚುಎರಕ

ನಿಮ್ಮ ಎರಡನೆಯ ಪ್ರಶ್ನೆಗೆ ಸ್ಪಷ್ಟವಾಗಿ ಹೇಳುತ್ತೇನೆ: ಮನೆಯಲ್ಲಿ ವಿನೈಲನ್ನು ಕಾಯಿಸಬೇಡಿ.

ನೀವು ನೋಡಿದ್ದು ಸೋಫುಬಿ. ಜಪಾನಿನಲ್ಲಿ 1960ರ ದಶಕದಲ್ಲಿ ದೈತ್ಯಪ್ರಾಣಿಗಳ ಗೊಂಬೆಗಳಿಂದ ಮನೆಮಾತಾದ ವಿಧಾನ ಅದು. ಮೊದಲು ಮೂಲ ಗೊಂಬೆಯ ಮೇಣದ ಪ್ರತಿಯನ್ನು ಮಾಡಿ, ವಿದ್ಯುತ್ ಲೇಪನದಿಂದ ಅದರ ಸುತ್ತ ತಾಮ್ರದ ಅಚ್ಚನ್ನು ಬೆಳೆಸುತ್ತಾರೆ. ಆ ಅಚ್ಚಿಗೆ ದ್ರವರೂಪದ ವಿನೈಲನ್ನು ಸುರಿದು ಕಾಯಿಸಿದಾಗ ಗೋಡೆಗೆ ಅಂಟಿದ ಪದರ ಮಾತ್ರ ಗಟ್ಟಿಯಾಗುತ್ತದೆ. ಉಳಿದ ದ್ರವವನ್ನು ಹೊರಗೆ ಚೆಲ್ಲಿ, ಮತ್ತೆ ಕಾಯಿಸಿ, ತುಸು ತಣಿಸಿ, ಇನ್ನೂ ಬಿಸಿಯಿರುವಾಗಲೇ ಎಳೆದು ತೆಗೆಯುತ್ತಾರೆ. ಗೊಂಬೆ ಟೊಳ್ಳಾಗಿರುವುದು ಇದರಿಂದ. ಮಿತಿಮೀರಿ ಕಾದ ಪಿವಿಸಿ ಹೈಡ್ರೋಜನ್ ಕ್ಲೋರೈಡ್ ಅನಿಲವನ್ನು ಬಿಡುತ್ತದೆ. ಅದು ಕಣ್ಣು, ಗಂಟಲು, ಶ್ವಾಸಕೋಶಗಳನ್ನು ಸುಡುವಂಥದ್ದು. ಹೊಗೆ ಎಳೆಯುವ ಯಂತ್ರವೂ ಶಾಖದ ಮೇಲೆ ಹಿಡಿತವೂ ಇರುವ ಕಾರ್ಯಾಗಾರದ ಕೆಲಸವನ್ನು ಮಕ್ಕಳಿಗೆ ಅಡುಗೆ ಮಾಡುವ ಒಲೆಯ ಮೇಲೆ ಮಾಡುವುದು ಸರ್ವಥಾ ಸಲ್ಲದು.

ಹತ್ತು ಪ್ರತಿಗಳಿಗೆ ದಾರಿ ಎಂದರೆ ರಬ್ಬರಿನಂಥ ಸಿಲಿಕೋನಿನ ಅಚ್ಚು ಮತ್ತು ರೆಸಿನ್ (ದ್ರವವಾಗಿ ಸುರಿದ ಮೇಲೆ ಗಟ್ಟಿಯಾಗುವ ಪ್ಲಾಸ್ಟಿಕ್) ಎರಕ. ಆದರೆ ಅದಕ್ಕೂ ಮೊದಲು ನಾನು ಗಟ್ಟಿಯಾಗಿ ಹೇಳಬೇಕಾದ ಮಾತೊಂದಿದೆ. ಕೊಂಡ ಗೊಂಬೆಯನ್ನು ತಿದ್ದಿ ಮಗಳ ಮೇಜಿನ ಮೇಲಿಡುವುದು ಬೇರೆ, ಕಂಪನಿಯ ಗೊಂಬೆಯ ಮೈಯಿಂದಲೇ ಅಚ್ಚು ತೆಗೆದು ಹತ್ತು ಪ್ರತಿ ಮಾಡುವುದು ಬೇರೆ. ಎರಡನೆಯದು ಇನ್ನೊಬ್ಬ ಶಿಲ್ಪಿಯ ಕೆಲಸದ ನಕಲು. ಹತ್ತು ಬೇಕಾದರೆ ಮೈಯನ್ನೂ ನೀವೇ ಜೇಡಿಯಲ್ಲಿ ಮಾಡಿ. ಯಕ್ಷಗಾನದ ಉತ್ತರದ ಶೈಲಿಯಾದ ಬಡಗುತಿಟ್ಟಿನ ವೇಷದ ಅಗಲವಾದ ಭುಜ, ಉಬ್ಬಿದ ಕಸೆ ಸೀರೆ, ಗೆಜ್ಜೆ ಕಟ್ಟಿದ ಕಾಲುಗಳಿಗೆ ಪಾಪ್‌ನ ಸಣಕಲು ಮೈ ಹೇಗೂ ಒಗ್ಗುವುದಿಲ್ಲ, ಸ್ವಂತ ಮೈಯೇ ಹೆಚ್ಚು ಚೆನ್ನಾಗಿ ಬರುತ್ತದೆ.

ತಲೆ, ಮುಂಡ, ಎರಡು ಕೈಗಳನ್ನು ಬಿಡಿಬಿಡಿಯಾಗಿ ಎರಕ ಹೊಯ್ಯುವಂತೆ ಮೂಲವನ್ನು ಭಾಗ ಮಾಡಿಕೊಳ್ಳಿ. ಭುಜಕೀರ್ತಿಯ ಸಂದಿನಲ್ಲಿ ಅಚ್ಚು ಸಿಕ್ಕಿಕೊಂಡು ಹರಿಯುವ ತೊಂದರೆ ಆಗ ಇರುವುದಿಲ್ಲ. ಸಿಲಿಕೋನಿನಲ್ಲಿ ಎರಡು ಜಾತಿಗಳಿವೆ. ಪ್ಲಾಟಿನಂ ಬಗೆಯದು ಕುಗ್ಗುವುದಿಲ್ಲ, ಬಾಳಿಕೆಯೂ ಹೆಚ್ಚು, ಆದರೆ ಗಂಧಕವಿರುವ ಜೇಡಿ ಅಥವಾ ಪೂರ್ತಿ ಗಟ್ಟಿಯಾಗದ ಎಪಾಕ್ಸಿ ತಗುಲಿದರೆ ಆ ಜಾಗದಲ್ಲಿ ಅಂಟಾಗಿಯೇ ಉಳಿದು ಮೂಲವನ್ನೂ ಹಾಳುಮಾಡುತ್ತದೆ. ತವರದ ಬಗೆಯದು ಸ್ವಲ್ಪ ಕುಗ್ಗುತ್ತದೆ, ಆದರೆ ಇಂಥ ತಕರಾರು ಬಹಳ ಕಡಿಮೆ, ಬೆಲೆಯೂ ಅಗ್ಗ. ಮೊದಲ ಸಲಕ್ಕೆ ತವರದ್ದನ್ನೇ ಕೊಳ್ಳಿ. ಮೂಲವನ್ನು ಅರ್ಧದವರೆಗೆ ಮಕ್ಕಳ ಜೇಡಿಯಲ್ಲಿ ಹುದುಗಿಸಿ, ಸುತ್ತ ಲೆಗೋ ಇಟ್ಟಿಗೆಗಳಿಂದ ಗೋಡೆ ಕಟ್ಟಿ, ಜೇಡಿಯಲ್ಲಿ ಅಲ್ಲಲ್ಲಿ ಪೆನ್ನಿನ ಹಿಂಭಾಗದಿಂದ ಗುಳಿಗಳನ್ನು ಒತ್ತಿ. ಆ ಗುಳಿಗಳಿಂದ ಮೂಡುವ ಗುಬ್ಬಿಗಳೇ ಮುಂದೆ ಎರಡು ಅಚ್ಚುಗಳನ್ನು ಸರಿಯಾಗಿ ಕೂರಿಸುತ್ತವೆ. ಎಷ್ಟು ಸಿಲಿಕೋನ್ ಬೇಕೆಂದು ತಿಳಿಯಲು ಆ ಪೆಟ್ಟಿಗೆಗೆ ಅಕ್ಕಿ ತುಂಬಿ, ಅದನ್ನು ಅಳತೆಯ ಲೋಟಕ್ಕೆ ಸುರಿದು ನೋಡಿ. ಬೆರಕೆಯ ಪ್ರಮಾಣವನ್ನು ಮಾತ್ರ ಕಣ್ಣಳತೆಯಲ್ಲಿ ಹಾಕದೆ, ಡಬ್ಬಿಯ ಮೇಲೆ ಬರೆದಿರುವಂತೆ ಗ್ರಾಂ ತೋರಿಸುವ ತಕ್ಕಡಿಯಲ್ಲಿ ತೂಗಿಯೇ ಹಾಕಿ. ಒಂದು ಅರ್ಧ ಗಟ್ಟಿಯಾದ ಮೇಲೆ ಕೆಳಗಿನ ಜೇಡಿಯನ್ನು ತೆಗೆದು, ಸಿಲಿಕೋನ್ ಮೈಗೆ ಪೆಟ್ರೋಲಿಯಂ ಜೆಲ್ಲಿಯನ್ನು ತೆಳ್ಳಗೆ ಸವರಿ ಇನ್ನೊಂದು ಅರ್ಧವನ್ನು ಸುರಿಯಿರಿ. ಈ ಸವರುವುದನ್ನು ಮರೆತರೆ ಎರಡೂ ಒಂದೇ ಗಡ್ಡೆಯಾಗುತ್ತವೆ. ನನ್ನ ಮೊದಲ ಅಚ್ಚು ಹಾಗೆಯೇ ಹೋಯಿತು, ಎರಡು ವಾರದ ಕೆಲಸದ ಮೂಲವನ್ನು ಹೊರತೆಗೆಯಲು ಅದನ್ನು ಚೂರಿಯಿಂದ ಸೀಳಬೇಕಾಯಿತು.

ರೆಸಿನ್ ಕೆಲಸದಲ್ಲಿ ನೈಟ್ರೈಲ್ ಕೈಗವಸು, ತೆರೆದ ಕಿಟಕಿ, ಆವಿ ತಡೆಯುವ ಮಾಸ್ಕ್ ಇರಲಿ, ಮಕ್ಕಳು ಬೇರೆ ಕೋಣೆಯಲ್ಲಿರಲಿ. ಗಟ್ಟಿಯಾದ ಮೇಲೆ ಬಣ್ಣ ಹಚ್ಚಲು ಅವರನ್ನು ಕರೆಯಿರಿ.

ಉತ್ತರ 3 – ಕಡಲತಡಿ

ಉಡುಪಿಯಿಂದ ಬರೆಯುತ್ತಿದ್ದೇನೆ. ಮೇಲಿನ ಇಬ್ಬರೂ ಹೇಳಿದ್ದು ಸರಿ, ನಾನು ಸೇರಿಸುವುದು ಹವೆಯ ವಿಷಯ. ಕೆಲವೇ ನಿಮಿಷಗಳಲ್ಲಿ ಗಟ್ಟಿಯಾಗುವ ಪಾಲಿಯುರಿಥೇನ್ ರೆಸಿನ್‌ಗೆ ತೇವ ಎಂದರೆ ಆಗದು. ಒಂದು ಜೂನ್ ತಿಂಗಳಲ್ಲಿ ನಾನು ಹೊಯ್ದ ಐದು ತಲೆಗಳೂ ಅಚ್ಚಿನ ಬಾಯಿಯಿಂದ ದೋಸೆಹಿಟ್ಟಿನಂತೆ ಉಕ್ಕಿಬಂದವು, ಕೊಯ್ದು ನೋಡಿದರೆ ಒಳಗೆಲ್ಲ ರಸ್ಕಿನ ಹಾಗೆ ತೂತು. ಮಳೆಗಾಲದಲ್ಲಿ ಊರಿಗೆ ಬಂದು ಮಾಡುವ ಆಲೋಚನೆಯಿದ್ದರೆ ಎಪಾಕ್ಸಿ ರೆಸಿನ್ ಬಳಸಿ. ಅದಕ್ಕೆ ಸುಮಾರು ಒಂದು ದಿನ ಬೇಕು, ಆದರೆ ತೇವಕ್ಕೆ ಇಷ್ಟು ಬೆದರುವುದಿಲ್ಲ. ಹೊಯ್ಯುವ ಮೊದಲು ಅಚ್ಚಿನೊಳಗೆ ಟಾಲ್ಕಂ ಪೌಡರನ್ನು ಕುಂಚದಿಂದ ಹಚ್ಚಿ ಕೊಡವಿದರೆ, ರೆಸಿನ್ ಮಣಿಸಾಲಿನ ಸಂದುಗಳಿಗೆ ಸಲೀಸಾಗಿ ಇಳಿದು ಗುಳ್ಳೆಗಳು ಕಡಿಮೆಯಾಗುತ್ತವೆ.

ಗೊಂಬೆ ಮುಗ್ಗರಿಸುವುದಕ್ಕೆ ಹಗುರವಾದ ಮುಂದಲೆಯೊಂದೇ ಸಾಲದು, ಕಾಲಿಗೆ ಭಾರವೂ ಬೇಕು. ಸೈಕಲ್ ಅಂಗಡಿಯಲ್ಲಿ ಬೇರಿಂಗ್ ಗುಂಡುಗಳು ಸಿಗುತ್ತವೆ. ನಿಮ್ಮ ಹಳೆಯ ಗೊಂಬೆಯ ಮೈಯೊಳಗೆ, ಕತ್ತಿನ ಕಡೆಯಿಂದ ರಂಧ್ರ ಮಾಡಿ, ಹತ್ತು ಹನ್ನೆರಡು ಗುಂಡುಗಳನ್ನು ಇಳಿಸಿ ಎಪಾಕ್ಸಿ ಅಂಟು ಹಾಕಿ ನಿಲ್ಲಿಸಿ ಒಣಗಿಸಿ.

ಒಂದು ವಿಷಯದಲ್ಲಿ ಮಾತ್ರ ನನ್ನ ಅಭಿಪ್ರಾಯ ಬೇರೆ. ಹತ್ತು ಅಭಿಮನ್ಯುಗಳು ಏಕೆ? ಏನನ್ನೂ ಬಿಡಿಸದ ಬರಿಯ ಬಿಳಿ ಗೊಂಬೆಯನ್ನು ಮಾರಿ, ಬಣ್ಣವನ್ನು ಕೊಂಡವರಿಗೇ ಬಿಡುವ ಪದ್ಧತಿ ಈ ಹವ್ಯಾಸದಲ್ಲಿ ಹಿಂದಿನಿಂದಲೂ ಇದೆ, ಅಮೆರಿಕದ ಕಿಡ್‌ರೋಬಾಟ್ ಕಂಪನಿಯ ಮನ್ನಿ ಅಂಥದ್ದು. ಹಾಗೆಯೇ ನೀವು ಒಂದೇ ಮೈಯನ್ನು ಹತ್ತು ಸಲ ಹೊಯ್ದು, ಕೇದಗೆ ಮುಂದಲೆ ಕೆಲವು, ಕಿರೀಟ ಕೆಲವು, ಮುಂಡಾಸು ಕೆಲವು ಎಂದು ಬಿಡಿಯಾಗಿ ಮಾಡಿಟ್ಟರೆ ಮಕ್ಕಳು ತಮಗೆ ಬೇಕಾದ ವೇಷವನ್ನು ತಾವೇ ಕಟ್ಟಿಕೊಳ್ಳುತ್ತಾರೆ, ನವರಾತ್ರಿಗೆ ಒಂದು ಮೇಳವೇ ನಿಲ್ಲುತ್ತದೆ.

ಚೌಕಿಮನೆ

ಮೂವರಿಗೂ ಹೃತ್ಪೂರ್ವಕ ಧನ್ಯವಾದಗಳು. ಈ ಭಾನುವಾರ ಎನಾಮಲ್ ಬಣ್ಣವನ್ನು ಪೂರ್ತಿ ಒರೆಸಿ ತೆಗೆದೆವು. ಬಿಸಿನೀರಿನಲ್ಲಿ ಇಟ್ಟ ತಲೆ ನಾಲ್ಕನೆಯ ನಿಮಿಷಕ್ಕೆ ಸುಲಭವಾಗಿ ಬಿಟ್ಟುಬಂದಿತು. ತಂತಿ ಮತ್ತು ಅಲ್ಯೂಮಿನಿಯಂ ಹಾಳೆಯ ಮುಂದಲೆ ಈಗ ಸಿದ್ಧವಾಗಿದೆ, ತೂಗಿ ನೋಡಿದರೆ ಮೊದಲಿನದರ ಮೂರನೆಯ ಒಂದು ಪಾಲೂ ಇಲ್ಲ. ಎರಕದ ಕೆಲಸವನ್ನು ಮಳೆ ನಿಂತ ಮೇಲೆ ಬೆಂಗಳೂರಿನಲ್ಲಿಯೇ, ನನ್ನದೇ ಮೈಯನ್ನು ಮಾಡಿಕೊಂಡು ಆರಂಭಿಸುತ್ತೇನೆ. ಬಿಡಿ ವೇಷಗಳ ಮಾತನ್ನು ಮಗಳಿಗೆ ಓದಿ ಹೇಳಿದ ತಕ್ಷಣ ಅವಳು ಬಬ್ರುವಾಹನನಿಗೂ ಇದೇ ಮುಂದಲೆ ಆಗುತ್ತದೆಯೇ ಎಂದು ಕೇಳಿದಳು. ಆಗುತ್ತದೆ ಎಂದೆ. ಹಾಗಾದರೆ ಎರಡು ಮಾಡು ಎಂದು ಉಳಿದ ಹಾಳೆಯನ್ನು ಆಗಲೇ ಮುದ್ದೆ ಮಾಡತೊಡಗಿದ್ದಾಳೆ.