ಪಾಳುಬಿದ್ದ ನಮ್ಮ ಅರಮನೇಲಿ ಸೋಲ್ ಮ್ಯೂಸಿಕ್ ಥರದ ಆಲ್ಬಮ್ ರೆಕಾರ್ಡ್ ಮಾಡಬಹುದಾ?

ತೊಟ್ಟಿಮನೆ_ಹುಡುಗ: ಮಧುಗಿರಿ ಹತ್ರ ನಮ್ಮ ಮುತ್ತಾತನ ಕಾಲದ ತೊಟ್ಟಿ ಮನೆ ಇದೆ, ಊರೋರೆಲ್ಲ ಅರಮನೆ ಅಂತಾರೆ, 20 ವರ್ಷದಿಂದ ಬೀಗ. ಮೊನ್ನೆ ಹೋಗಿ ತೊಟ್ಟಿ ಮಧ್ಯ ನಿಂತು ಒಂದು ಸಾಲು ಹಾಡ್ದೆ, ಜಂತೆ ಮೇಲಿದ್ದ ಪಾರಿವಾಳ ಎಲ್ಲ ಎದ್ದು ಹಾರಿದ್ವು, ದನಿ ಮಾತ್ರ ಕಂಬದ ಸುತ್ತ ಅಲ್ಲೇ ನಿಂತಿತ್ತು, ಮೈ ಜುಮ್ ಅಂತು. ಸೋಲ್ ಮ್ಯೂಸಿಕ್ (ಅಮೆರಿಕದ ಕಪ್ಪು ಜನರ ಭಾವ ತುಂಬಿದ ಹಾಡಿನ ಶೈಲಿ) ಛಾಯೆಯ ಕನ್ನಡ ಪಾಪ್ ಆಲ್ಬಮ್ ಮಾಡ್ತಿದೀವಿ, ಅಲ್ಲೇ ಮಾಡಿದ್ರೆ ಹೆಂಗೆ?

ಬೇಸ್_ಗಿಟಾರ್: ಖಂಡಿತ ಮಾಡಿ! 1959ರಲ್ಲಿ ಶುರುವಾದ ಅಮೆರಿಕದ ಸೋಲ್ ರೆಕಾರ್ಡ್ ಕಂಪನಿ ಮೋಟೌನ್‌ನೋರ ಡೆಟ್ರಾಯಿಟ್ ಸ್ಟುಡಿಯೋ ಒಂದು ಮನೆನೇ, ಅಟ್ಟಾನೇ ಎಕೋ ಚೇಂಬರ್ (ದನಿ ಮಾರ್ದನಿಸೋ ಕೋಣೆ) ಮಾಡ್ಕೊಂಡಿದ್ರು, ಮೆಂಫಿಸ್‌ನ ಸ್ಟ್ಯಾಕ್ಸ್ ಕಂಪನಿ ಸ್ಟುಡಿಯೋ ಅಂತೂ ಹಳೇ ಸಿನಿಮಾ ಟಾಕೀಸು, ಇಳಿಜಾರು ನೆಲ ಹಂಗೇ ಇತ್ತು. ಡ್ರಮ್ಸು, ಬೇಸು ಚಿಕ್ಕ ಕೋಣೇಲಿ ಕಂಬಳಿ ಕಟ್ಟಿ ತಗೊಳ್ಳಿ. ವಾಯ್ಸು, ಟ್ರಂಪೆಟ್ಟು ತೊಟ್ಟೀಲಿ, ದೂರಕ್ಕೊಂದು ಮೈಕ್ ಇಡೋದು ಮರೀಬೇಡಿ.

ಗಾರೆ_ಕೆಲಸ: ಮೊದ್ಲು ತೊಲೆ ನೋಡಿ ಗುರು, ಸ್ಕ್ರೂಡ್ರೈವರ್ ಚುಚ್ಚಿದ್ರೆ ಸಲೀಸಾಗಿ ಒಳಗೆ ಹೋಯ್ತು ಅಂದ್ರೆ ಗೆದ್ದಲು ತಿಂದಿದೆ, ಕೆಳಗೆ ಯಾರೂ ನಿಲ್ಲಬೇಡಿ. ಬಿರುಕಿಗೆ ಸಿಮೆಂಟ್ ಮೆತ್ತಬೇಡಿ, ತೇವ ಗೋಡೆಯೊಳಗೇ ಉಳಿದು ಹಳೇ ಗಾರೆ ಉದುರತ್ತೆ, ಸುಣ್ಣದ ಗಾರೆನೇ ಹಾಕ್ಸಿ.

ತೊಟ್ಟಿಮನೆ_ಹುಡುಗ: ಭಾನುವಾರ ಮೇಸ್ತ್ರಿ ಕರ್ಕೊಂಡು ಹೋಗ್ತಿದೀನಿ. ಅಜ್ಜಿ ಬೀಗದ ಕೈ ಕೊಟ್ಟು, ದೇವರ ಕೋಣೇಲಿ ದೀಪ ಹಚ್ಚಿ ಆಮೇಲೆ ಹಾಡು ಅಂದ್ರು.