‘ವಾಗ್ದಂಡನೆ’ ಎಂದರೆ ಆರೋಪವೋ ಶಿಕ್ಷೆಯೋ?

ಗೆಳೆಯರೇ,

ಥ್ಯಾಡಿಯಸ್ ಸ್ಟೀವನ್ಸ್ (1792–1868) ಎಂಬ ಅಮೆರಿಕದ ವಕೀಲನ ಕಿರುಪರಿಚಯ ಬರೆಯುತ್ತಾ ‘ಇಂಪೀಚ್‌ಮೆಂಟ್’ ಎಂಬ ಒಂದು ಪದದ ಹತ್ತಿರ ನಿಂತುಬಿಟ್ಟಿದ್ದೇನೆ. ಬಲ್ಲವರು ದಾರಿ ತೋರಿಸಬೇಕು.

ಬದುಕಿನ ಮೊದಲ ಭಾಗಕ್ಕೆ ಪದಗಳು ಸಲೀಸಾಗಿ ಸಿಕ್ಕವು. ವರ್ಮಾಂಟ್‌ನಲ್ಲಿ ಹುಟ್ಟು, ಹುಟ್ಟಿನಿಂದಲೇ ಸೊಟ್ಟಪಾದ, ಗೆಟಿಸ್‌ಬರ್ಗ್‌ನಲ್ಲಿ ವಕೀಲಿ. 1821ರಲ್ಲಿ ಗುಲಾಮರ ಒಡೆಯನೊಬ್ಬನ ಪರ ವಾದಿಸಿ ಗೆದ್ದವನೇ ಮುಂದೆ ಗುಲಾಮಗಿರಿಯ ಕಡುವೈರಿಯಾದ. 1833ರಿಂದ ಪೆನ್ಸಿಲ್ವೇನಿಯಾ ರಾಜ್ಯದ ವಿಧಾನಮಂಡಲದಲ್ಲಿದ್ದು, ಬಡವರ ಮಕ್ಕಳಿಗೂ ಶಾಲೆ ಬೇಕೆನ್ನುವ ಕಾಯಿದೆ 1835ರಲ್ಲಿ ರದ್ದಾಗುವುದರಲ್ಲಿದ್ದಾಗ ತನ್ನ ಭಾಷಣದಿಂದ ಉಳಿಸಿದ. 1849ರಲ್ಲಿ ವಾಷಿಂಗ್ಟನ್ನಿನ ಪ್ರತಿನಿಧಿ ಸಭೆಗೆ, ಅಂದರೆ ಅಮೆರಿಕದ ಸಂಸತ್ತಿನ ಕೆಳಮನೆಗೆ, ಹೋದ. ಇಂಗ್ಲಿಷಿನವರು ಎರಡಕ್ಕೂ ಒಂದೇ ಪದ ಬಳಸಿ ಮುಗಿಸುತ್ತಾರೆ. ನಮ್ಮಲ್ಲಿ ಮೊದಲು ಶಾಸಕ, ಆಮೇಲೆ ಸಂಸದ. ಇಲ್ಲಿ ಕನ್ನಡವೇ ಹೆಚ್ಚು ಸ್ಪಷ್ಟ ಅನ್ನಿಸಿತು.

ತೊಡಕು 1868ರದ್ದು. ಅಧ್ಯಕ್ಷ ಆಂಡ್ರ್ಯೂ ಜಾನ್ಸನ್ ವಿರುದ್ಧ ಫೆಬ್ರುವರಿ 24ರಂದು ಪ್ರತಿನಿಧಿ ಸಭೆ 126–47 ಮತಗಳಿಂದ ಇಂಪೀಚ್‌ಮೆಂಟ್ (ಅಧಿಕಾರದಲ್ಲಿರುವವನ ಮೇಲೆ ಸಭೆಯೇ ಆರೋಪ ಹೊರಿಸುವುದು) ನಿರ್ಣಯ ಅಂಗೀಕರಿಸಿತು. ಮುಂದಾಳುಗಳಲ್ಲಿ ಸ್ಟೀವನ್ಸ್ ಒಬ್ಬ. ವಿಚಾರಣೆ ನಡೆದದ್ದು ಮೇಲ್ಮನೆಯಾದ ಸೆನೆಟ್‌ನಲ್ಲಿ. ಮೇ ತಿಂಗಳಲ್ಲಿ ಮತ ಹಾಕಿದಾಗ ತಪ್ಪಿತಸ್ಥ ಎಂದವರು 35, ಅಲ್ಲ ಎಂದವರು 19; ಮೂರನೇ ಎರಡರಷ್ಟಕ್ಕೆ, ಅಂದರೆ 36ಕ್ಕೆ, ಒಂದೇ ಮತ ಕಡಿಮೆ. ಜಾನ್ಸನ್ ಖುಲಾಸೆ.

ನಮ್ಮ ಪತ್ರಿಕೆಗಳ ರೂಢಿಯಂತೆ ನಾನೂ ‘ಜಾನ್ಸನ್ ವಾಗ್ದಂಡನೆಗೆ ಗುರಿಯಾದ, ಆದರೆ ಪದವಿ ಉಳಿಯಿತು’ ಎಂದು ಬರೆದೆ. ಓದಿದ ನನ್ನ ತಂಗಿ ಕೇಳಿದಳು: ‘ದಂಡನೆ ಆದಮೇಲೆ ಖುಲಾಸೆ ಹೇಗೆ?’ ಉತ್ತರ ಹೊಳೆಯಲಿಲ್ಲ. ಮನುಸ್ಮೃತಿಯ ಎಂಟನೇ ಅಧ್ಯಾಯದಲ್ಲಿ ಶಿಕ್ಷೆಗಳ ಸರಣಿ ಬರುತ್ತದೆ: ಮೊದಲು ವಾಗ್ದಂಡ, ಆಮೇಲೆ ಧಿಗ್ದಂಡ, ಧನದಂಡ, ಕೊನೆಗೆ ವಧದಂಡ. ಅಲ್ಲಿ ಅದು ಮಾತಿನಿಂದಲೇ ಕೊಟ್ಟು ಮುಗಿಸುವ ಶಿಕ್ಷೆ. ಇಂಪೀಚ್‌ಮೆಂಟ್ ಶಿಕ್ಷೆಯೇ ಅಲ್ಲ, ಆರೋಪ ಹೊರಿಸುವ ಕೆಲಸ.

ನಿಜವಾದ ವಾಗ್ದಂಡನೆ ಬೇಕಿದ್ದರೆ ಅದೂ ಅಮೆರಿಕದಲ್ಲೇ ಇದೆ. 1834ರಲ್ಲಿ ಅಂದಿನ ಅಧ್ಯಕ್ಷ ಆಂಡ್ರ್ಯೂ ಜ್ಯಾಕ್ಸನ್‌ನನ್ನು ಸೆನೆಟ್ ನಿರ್ಣಯ ಮಾಡಿ ಖಂಡಿಸಿತು, ಅಷ್ಟೇ. 1837ರಲ್ಲಿ ಅದನ್ನು ಕಡತದಿಂದ ಹೊಡೆದೂಹಾಕಿತು. (ಇವನೂ ಆಂಡ್ರ್ಯೂ, ಅವನೂ ಆಂಡ್ರ್ಯೂ. ಕರಡಿನಲ್ಲಿ ನಾನೇ ಎರಡು ಸಲ ಅದಲುಬದಲು ಮಾಡಿದ್ದೇನೆ.) ಜಾನ್ಸನ್‌ಗೂ ಜ್ಯಾಕ್ಸನ್‌ಗೂ ಒಂದೇ ಪದ ಹಾಕಿದರೆ ಓದುಗನ ಗತಿ?

‘ದೋಷಾರೋಪ’ ಅನ್ನೋಣವೆಂದರೆ, ಫೆಬ್ರುವರಿಯಲ್ಲಿ ಮತ ಹಾಕುವಾಗ ಆರೋಪಗಳ ಪಟ್ಟಿಯೇ ತಯಾರಾಗಿರಲಿಲ್ಲ. ಹನ್ನೊಂದು ಆರೋಪಗಳು ಒಪ್ಪಿಗೆ ಪಡೆದದ್ದು ಮಾರ್ಚ್ ಮೊದಲ ವಾರ. ಪಟ್ಟಿಯಿಲ್ಲದ ದೋಷಾರೋಪ ಎಂಬ ವಿಚಿತ್ರ ಅಲ್ಲಿ ಹುಟ್ಟುತ್ತದೆ.

ನನ್ನ ಒಲವು ‘ಮಹಾಭಿಯೋಗ’ದ ಕಡೆಗೆ. ಹಿಂದಿಯವರ ಪದ ಎಂದು ಕೆಲವರು ಮೂಗು ಮುರಿಯಬಹುದು. ಆದರೆ ‘ಸರ್ಕಾರಿ ಅಭಿಯೋಜಕ’ (ಪಬ್ಲಿಕ್ ಪ್ರಾಸಿಕ್ಯೂಟರ್) ನಮ್ಮ ಕೋರ್ಟು ವರದಿಗಳಲ್ಲಿ ಆಗಲೇ ಇದ್ದಾನೆ. ಅಭಿಯೋಗ ಅವನ ಮನೆಯದೇ ಪದ. ‘ಮಹಾಭಿಯೋಗ ಹೂಡಿದರು, ಖುಲಾಸೆಯಾಯಿತು’ ಅಂದರೆ ಯಾರಿಗೂ ಗೊಂದಲವಿಲ್ಲ. ‘ವಾಗ್ದಂಡನೆ’ಯನ್ನೇ ಉಳಿಸಬೇಕೆನ್ನುವವರು ಜ್ಯಾಕ್ಸನ್‌ಗೆ ಯಾವ ಪದ ಕೊಡುತ್ತೀರಿ ಎಂದೂ ತಿಳಿಸಿ. ‘ಖಂಡನಾ ನಿರ್ಣಯ’ ಸಾಕೇ?

ಜೊತೆಗೊಂದು ಸಣ್ಣ ಪ್ರಶ್ನೆ. ಸೆನೆಟ್ ಮುಂದೆ ಆರೋಪ ಮಂಡಿಸಲು ಪ್ರತಿನಿಧಿ ಸಭೆ ಕಳಿಸಿದ ಏಳು ಜನರನ್ನು ಅಲ್ಲಿ ‘ಮ್ಯಾನೇಜರ್’ ಎನ್ನುತ್ತಾರೆ. ನಡೆಯಲಾರದ ಸ್ಟೀವನ್ಸ್‌ನನ್ನು ಕುರ್ಚಿಯಲ್ಲಿ ಕೂರಿಸಿ ಹೊತ್ತು ತರುತ್ತಿದ್ದರು. ಏಪ್ರಿಲ್‌ನಲ್ಲಿ ಭಾಷಣ ಓದುತ್ತಾ ದನಿ ಸೋತು, ಉಳಿದದ್ದನ್ನು ಜೊತೆಗಾರ ಬೆಂಜಮಿನ್ ಬಟ್ಲರ್ ಓದಬೇಕಾಯಿತು. ಅಂಥವನನ್ನು ‘ಮ್ಯಾನೇಜರ್ ಸ್ಟೀವನ್ಸ್’ ಎಂದು ಬರೆದರೆ ಬ್ಯಾಂಕಿನವನಂತೆ ಕೇಳುತ್ತದೆ. ಸದ್ಯಕ್ಕೆ ‘ಸಭೆಯ ಅಭಿಯೋಜಕ’ ಎಂದು ಹಾಕಿದ್ದೇನೆ. ಇನ್ನೂ ಒಳ್ಳೆಯದು ಹೊಳೆದರೆ ಹೇಳಿ.