ಹಳ್ಳಿಗೆ ಬಂದ ಮೊದಲ ರೇಡಿಯೋವನ್ನು ಸಾಕ್ಷ್ಯಚಿತ್ರದಲ್ಲಿ ತೋರಿಸುವುದು ಹೇಗೆ?

ಪ್ರಶ್ನೆ (ಶಿಕ್ಷಕ, ಶಿರಸಿ):
ನಮ್ಮ ಪ್ರೌಢಶಾಲೆಯ ಮಕ್ಕಳು ಈ ಸೀಮೆಯ ಹಳ್ಳಿಗಳಿಗೆ ರೇಡಿಯೋ ಬಂದ ಕಾಲವನ್ನು ಕುರಿತು ಕಿರು ಸಾಕ್ಷ್ಯಚಿತ್ರವೊಂದನ್ನು ಮಾಡುತ್ತಿದ್ದಾರೆ. ಒಬ್ಬರ ಮನೆಯ ಅಟ್ಟದಲ್ಲಿ ಬ್ಯಾಟರಿಯಿಂದ ನಡೆಯುವ ವಾಲ್ವ್ ಸೆಟ್ (ಗಾಜಿನ ಬುರುಡೆಯಂಥ ವಾಲ್ವುಗಳಿಂದ ಕೆಲಸ ಮಾಡುವ ಹಳೆಯ ರೇಡಿಯೋ) ಸಿಕ್ಕಿದೆ. 1950ರ ಸುಮಾರಿನ ದೃಶ್ಯದಲ್ಲಿ, ಗುಂಡಿ ತಿರುಗಿಸಿದೊಡನೆ ಧ್ವನಿ ಬಂದಂತೆ ತೋರಿಸಿದರೆ ತಪ್ಪಾಗುತ್ತದೆಯೇ? ವಾಲ್ವ್ ಕಾದು ಬಿಸಿಯಾಗುವುದಕ್ಕೆ ಸಮಯ ಬೇಕೆಂದು ಕೇಳಿದ್ದೇನೆ. ಆಗ ಇಲ್ಲಿ ಯಾವ ಕೇಂದ್ರ ಕೇಳಿಸುತ್ತಿದ್ದಿರಬಹುದು?

ಉತ್ತರ 1 (ರೇಡಿಯೋ ರಿಪೇರಿಯವರು, ಕಾರವಾರ):
ಮಾಸ್ತರರೇ, ತಪ್ಪಾಗುವುದಿಲ್ಲ. ಕಾಯುವವರೆಗೆ ಸುಮ್ಮನಿರುತ್ತಿದ್ದುದು ಕರೆಂಟಿನ ಸೆಟ್ಟು. ಬ್ಯಾಟರಿ ಸೆಟ್ಟಿನ ವಾಲ್ವುಗಳಲ್ಲಿ ತೆಳುವಾದ ತಂತಿಯೇ ನೇರವಾಗಿ ಕಾದು ಕೆಲಸಕ್ಕೆ ತೊಡಗುವುದರಿಂದ ಧ್ವನಿ ಹೆಚ್ಚುಕಡಿಮೆ ಕೂಡಲೇ ಬರುತ್ತದೆ. ಕರೆಂಟಿನ ಗುಂಯ್‌ಗುಡುವಿಕೆಯೂ ಇರುವುದಿಲ್ಲ.

ಮುಂಬಯಿ ಕೇಂದ್ರ ಆರಂಭವಾದದ್ದು 1927ರಲ್ಲಿ. ಧಾರವಾಡದ ಆಕಾಶವಾಣಿ 1950ರ ಜನವರಿ 8ರಂದು. ನಮ್ಮ ಜಿಲ್ಲೆ 1956ರವರೆಗೆ ಮುಂಬಯಿ ಆಡಳಿತದಲ್ಲಿಯೇ ಇತ್ತೆಂಬುದನ್ನೂ ಮಕ್ಕಳಿಗೆ ಹೇಳಿ. ಉಪ್ಪುನೀರಿನ ಮೇಲೆ ಸಾಗುವಾಗ ಮೀಡಿಯಂ ವೇವ್ ಅಲೆಗಳ ಬಲ ಅಷ್ಟಾಗಿ ಕುಂದದ ಕಾರಣ, ದೂರದ ಮುಂಬಯಿ ಹಗಲಿನಲ್ಲಿ ಸಿಗುವ ಸಂಭವ ಘಟ್ಟದ ಮೇಲಿನ ಶಿರಸಿಗಿಂತ ಕಡಲ ಬದಿಯ ನಮಗೇ ಹೆಚ್ಚು. ರಾತ್ರಿಯಾದರೆ ವಾತಾವರಣದ ಮೇಲಿನ ಪದರಗಳಿಂದ ಅಲೆಗಳು ಪ್ರತಿಫಲಿಸುತ್ತವೆ. ಆಗ ನಿಮ್ಮಲ್ಲಿಗೂ ಬರುತ್ತವೆ, ಆದರೆ ಧ್ವನಿ ಏರುತ್ತ ಇಳಿಯುತ್ತ ಇರುತ್ತದೆ. ಆ ಏರಿಳಿತವನ್ನು ದಯವಿಟ್ಟು ಅಳಿಸಬೇಡಿ. ಏರಿಯಲ್ ತಂತಿ, ಅದರ ಎರಡು ತುದಿಯ ಪಿಂಗಾಣಿ ಗುಂಡುಗಳು, ಹಸಿಮಣ್ಣಿಗೆ ಇಳಿಸಿದ ಅರ್ಥ್ ತಂತಿ, ಇವೆಲ್ಲ ಚಿತ್ರದಲ್ಲಿ ಕಾಣಬೇಕು.

ಉತ್ತರ 2 (ಚಿತ್ರ ಸಂಕಲನಕಾರ, ಕುಮಟಾ):
ಹಳೆಯ ಸಾಕ್ಷ್ಯಚಿತ್ರಗಳನ್ನು ಮಾದರಿಯಾಗಿ ನೋಡುವಾಗ ಎಚ್ಚರವಿರಲಿ. 1948ರಲ್ಲಿ ಆರಂಭವಾದ, ಸರ್ಕಾರದ ಸಾಕ್ಷ್ಯಚಿತ್ರ ಸಂಸ್ಥೆ ಫಿಲ್ಮ್ಸ್ ಡಿವಿಷನ್‌ನ ಕಾಲದಲ್ಲಿ ಹೊರಾಂಗಣದ ದೃಶ್ಯಗಳನ್ನು ಬಹುಮಟ್ಟಿಗೆ ಧ್ವನಿಯಿಲ್ಲದೆ ಚಿತ್ರಿಸಿ, ನಿರೂಪಣೆಯನ್ನೂ ಸಂಗೀತವನ್ನೂ ಅನಂತರ ಸೇರಿಸುತ್ತಿದ್ದರು. ಆದ್ದರಿಂದ ತೆರೆಯ ಮೇಲಿನ ಚಾವಡಿಯಲ್ಲಿ ರೇಡಿಯೋ ಸ್ಪಷ್ಟವಾಗಿ ಮಾತನಾಡಿದರೆ, ಹಳ್ಳಿಯವರಿಗೂ ಅಷ್ಟೇ ಸ್ಪಷ್ಟವಾಗಿ ಕೇಳಿಸುತ್ತಿತ್ತೆಂದು ಅರ್ಥವಲ್ಲ. ನೀವು ಧ್ವನಿಯನ್ನು ಹೊರಗಿನಿಂದ ಸೇರಿಸುವುದಾದರೆ ನಿರೂಪಣೆಯಲ್ಲಿಯೇ ಹೇಳಿಬಿಡಿ. ಇಸವಿ ನಿರ್ಧರಿಸಲು ಹಿರಿಯರ ನೆನಪನ್ನಷ್ಟೇ ನಂಬದೆ, ಅಂಚೆ ಕಚೇರಿಯಲ್ಲಿ ನವೀಕರಿಸುತ್ತಿದ್ದ ರೇಡಿಯೋ ಲೈಸೆನ್ಸ್ ಪುಸ್ತಕ ಮನೆಯಲ್ಲಿ ಉಳಿದಿದೆಯೇ ಎಂದು ವಿಚಾರಿಸಿ.

ಪ್ರಶ್ನಿಸಿದವರು:
ಇಬ್ಬರಿಗೂ ಧನ್ಯವಾದಗಳು. ಸೆಟ್ಟನ್ನು ನಿಜವಾಗಿಯೇ ನಡೆಸಿ ನೋಡಬಹುದೇ?

ಉತ್ತರ 3 (ಮತ್ತೆ ಕಾರವಾರದಿಂದ):
ನಡೆಸಬಹುದು, ಆದರೆ ಮಕ್ಕಳ ಕೈಗೆ ಕೊಡಬೇಡಿ. ಇಂಥ ಹಲವು ಸೆಟ್ಟುಗಳಿಗೆ ವಾಲ್ವಿನ ತಂತಿ ಕಾಯಿಸಲು ಒಂದೂವರೆ ವೋಲ್ಟ್, ಉಳಿದ ಕೆಲಸಕ್ಕೆ 90 ವೋಲ್ಟ್ ಬೇಕು. ನಿಮ್ಮದಕ್ಕೆ ಎಷ್ಟೆಂಬುದನ್ನು ಮೊದಲು ಹಿಂಬದಿಯ ಚೀಟಿಯಲ್ಲಿ ನೋಡಿಕೊಳ್ಳಿ. 90 ಆಗಿದ್ದರೆ, ಒಂಬತ್ತು ವೋಲ್ಟಿನ ಹತ್ತು ಬ್ಯಾಟರಿಗಳನ್ನು ಸಾಲಾಗಿ ಜೋಡಿಸಿದರೆ ಸಾಕು. ಅದಕ್ಕೂ ಮೊದಲು ಹಳೆಯ ಕೆಪಾಸಿಟರುಗಳನ್ನು (ವಿದ್ಯುತ್ತನ್ನು ಹಿಡಿದಿಡುವ ಬಿಡಿಭಾಗಗಳನ್ನು) ಬಲ್ಲವರಿಂದ ಪರೀಕ್ಷಿಸಿ. ಒಂದೂವರೆ ವೋಲ್ಟಿನ ಜೋಡಿ ತಂತಿ ಮತ್ತು 90 ವೋಲ್ಟಿನ ಜೋಡಿ ತಂತಿ ಅದಲುಬದಲಾದರೆ ವಾಲ್ವುಗಳೆಲ್ಲ ಒಮ್ಮೆಗೇ ಸುಟ್ಟುಹೋಗುತ್ತವೆ.